ಮುನಿಯಲ್ಲಮ್ಮ ಹಾಕಿದ ಮೂರು ಲೋಟ

ಕುಡಿಯಲು ನೀರು ಕೇಳಿದವನಿಗೆ ಇಲ್ಲ ಅನ್ನುವವರನ್ನು ನೀವು ಕಂಡಿದ್ದೀರಾ? ಮಾತು ಬಿಟ್ಟ ದಾಯಾದಿ ಕೂಡ ಬಾಗಿಲಿಗೆ ಬಂದವನಿಗೆ ಮೊದಲು ಒಂದು ಚೊಂಬು ನೀರು ಕೊಟ್ಟು ಆಮೇಲೆ ಮುಖ ತಿರುಗಿಸುತ್ತಾನೆ. ಅಂಥದ್ದರಲ್ಲಿ ನೀರು ಹಾಕುವುದಕ್ಕೆಂದೇ ಸಂಬಳ ಪಡೆಯುತ್ತಿದ್ದ ಮುನಿಯಲ್ಲಮ್ಮ, ಯಲಹಂಕದ ಪಂಪ್ ಕಾರ್ಖಾನೆಯ ಕ್ಯಾಂಟೀನಿನಲ್ಲಿ, ಇನ್ನೂರು ಜನ ಊಟ ಮಾಡುತ್ತಿರುವಾಗ, ಸಂಗಪ್ಪನ ಲೋಟದ ಮೇಲೆ ತನ್ನ ಅಂಗೈ ಮುಚ್ಚಿ, "ನಿಂಗೆ ಆಕಾಕಿಲ್ಲ" ಅಂದುಬಿಟ್ಟಳು. ಅದು 1977ರ ಆಷಾಢ. ಭೂಮಿ ಬಾಯಿಬಿಟ್ಟು ನನ್ನನ್ನು ನುಂಗಬಾರದೇ ಅನ್ನಿಸಿತ್ತು ಸಂಗಪ್ಪನಿಗೆ. ಅದೇ ಅಂಗೈಯನ್ನು ನೆನೆದು ಅವನು ಆಮೇಲೆ ಜೀವಮಾನವಿಡೀ ಕೈಮುಗಿದ ಅಂದರೆ, ನಡುವೆ ಏನೋ ನಡೆದಿರಬೇಕಲ್ಲ. ನಡೆಯಿತು.

ಸಂಗಪ್ಪ ಬಾಗಲಕೋಟೆ ಕಡೆಯವನು. ಐಟಿಐ ಮುಗಿಸಿ, ಹಿಂದಿನ ವರ್ಷವಷ್ಟೇ ಫಿಟ್ಟರ್ ಆಗಿ ಬಂದು ಸೇರಿದ್ದ. ಬರುವಾಗ ಐವತ್ತೆರಡು ಕೆಜಿ ತೂಗುತ್ತಿದ್ದ. ಅವರ ಮನೆಯಲ್ಲಿ ಊಟ ಅಂದರೆ ಜೋಳದ ರೊಟ್ಟಿ. ಅವನ ಅಪ್ಪ ಒಣಗಿ ಗರಿಗರಿಯಾದ ಕಟಕ್ ರೊಟ್ಟಿ ಅಗಿಯಲು ಕೂತರೆ ಸಪ್ಪಳ ಬೀದಿಗೆ ಕೇಳುತ್ತಿತ್ತು. ಎರಡು ರೊಟ್ಟಿಗೆ ಅರ್ಧ ಗಂಟೆ. ನಡುವೆ ಮಾತಿಲ್ಲ, ನೀರಿಲ್ಲ, ಕೊನೆಗೊಂದು ಬಟ್ಟಲು ಮಜ್ಜಿಗೆ ಅಷ್ಟೇ.

ಕ್ಯಾಂಟೀನಿನಲ್ಲಿ ಮೊದಲ ದಿನ ತಟ್ಟೆಗೆ ರಾಗಿ ಮುದ್ದೆ ಬಿತ್ತು. ಸಂಗಪ್ಪ ಅದನ್ನು ಮುರಿದು ಬಾಯಿಗಿಟ್ಟು, ಹುಟ್ಟಿದಂದಿನಿಂದ ಬಂದ ಅಭ್ಯಾಸದ ಪ್ರಕಾರ ಅಗಿಯತೊಡಗಿದ. ಅಗಿದ, ಅಗಿದ, ಇನ್ನೂ ಅಗಿದ. ಮುದ್ದೆ ಹಲ್ಲಿಗಂಟಿತು, ಅಂಗುಳಕ್ಕೆ ಮೆತ್ತಿತು, ನಾಲಗೆಯನ್ನೇ ಹಿಡಿದು ಕೂತಿತು. ಎದುರಿಗೆ ಕೂತವರು ಹೊಟ್ಟೆ ಹಿಡಿದುಕೊಂಡು ನಕ್ಕರು. "ಏನ್ ಗುರು, ಚೂಯಿಂಗ್ ಗಮ್ ಅನ್ಕೊಂಡ್ಯಾ? ಮುದ್ದೇನ ಯಾರಾದ್ರೂ ಅಗೀತಾರಾ? ಸಾರಲ್ಲಿ ಅದ್ದು, ಬಾಯಿಗಿಡು, ನುಂಗು. ಹಲ್ಲಿಗೆ ತೋರಿಸ್ಲೇಬೇಡ!"

ಮರ್ಯಾದೆಯ ಪ್ರಶ್ನೆ ನೋಡಿ. ಸಂಗಪ್ಪ ಹಟ ಹಿಡಿದು ಒಂದು ವಾರ ಅಭ್ಯಾಸ ಮಾಡಿದ. ಮೊದಮೊದಲು ಗಂಟಲಲ್ಲಿ ಸಿಕ್ಕಿಕೊಂಡು ಕಣ್ಣಲ್ಲಿ ನೀರು ಬಂತು. ಎಂಟನೇ ದಿನ ಮುದ್ದೆ ಜಾರಿ ಇಳಿಯಿತು, ಮೇಜಿನವರು ಬೆನ್ನು ತಟ್ಟಿದರು. ಕಲಿತದ್ದೇನೋ ಸರಿ. ಆದರೆ ಈ ಮಹಾರಾಯ ಅಷ್ಟಕ್ಕೆ ನಿಲ್ಲಬೇಕೋ ಬೇಡವೋ? ಊಟದ ಬಿಡುವು ಅರ್ಧ ಗಂಟೆ, ಅದರಲ್ಲಿ ತಟ್ಟೆಯ ಸಾಲಿಗೇ ಹತ್ತು ನಿಮಿಷ. ನುಂಗಿದರೆ ಬೇಗ ಮುಗಿಯುತ್ತದೆ ಎಂದು ಗೊತ್ತಾದ ಮೇಲೆ ಅವನು ಅನ್ನವನ್ನೂ ನುಂಗಿದ, ಹುರುಳಿಕಾಳಿನ ಪಲ್ಯವನ್ನೂ ನುಂಗಿದ, ಚಪಾತಿಯನ್ನೂ ನುಂಗಿದ. ಆ ಬೇಸಿಗೆಯಲ್ಲಿ ಮದುವೆಯಾಗಿ ಹೆಂಡತಿ ಕಾಶವ್ವ ಬಂದಳು. ಯಲಹಂಕ ಹಳೇ ಊರಿನಲ್ಲಿ ಒಂದು ಕೋಣೆಯ ಬಾಡಿಗೆ ಮನೆ. ಆಮೇಲೆ ಮನೆಯಲ್ಲಿ ಅವಳು ಬಡಿದ ರೊಟ್ಟಿಯನ್ನೂ ಅವನು ನುಂಗತೊಡಗಿದ. ರೊಟ್ಟಿಯನ್ನು! ಮುದ್ದೆಯಾದರೆ ಜಾರುತ್ತದೆ, ರೊಟ್ಟಿ ಜಾರುತ್ತದೆಯೇ? ಇಳಿಯದ್ದನ್ನೆಲ್ಲ ಅವನು ನೀರು ಹಾಕಿ ದಬ್ಬುತ್ತಿದ್ದ. ತುತ್ತಿಗೊಂದು ಗುಟುಕು, ಊಟಕ್ಕೆ ಐದು ಲೋಟ. ಕ್ಯಾಂಟೀನಿನಲ್ಲಿ ಬಿಡುವು ಮುಗಿಯುವ ಮುಂಚೆ ಕೆಟ್ಲು ಬರುತ್ತಿತ್ತು, ಕೊನೆಯ ಅನ್ನ ಬಾಯಲ್ಲಿರುವಾಗಲೇ ಅದರ ಮೇಲೆ ಒಂದು ಲೋಟ ಚಹಾ.

ಇಷ್ಟಾದ ಮೇಲೆ ಹೊಟ್ಟೆ ಸುಮ್ಮನಿರುತ್ತದೆಯೇ? ಮಧ್ಯಾಹ್ನ ಎರಡಕ್ಕೆ ಹೊಟ್ಟೆ ತಮಟೆಯಾಗುತ್ತಿತ್ತು. ಮೂರಕ್ಕೆ ಎದೆ ಉರಿ. ನಾಲ್ಕಕ್ಕೆ ಹುಳಿ ತೇಗು. ಸಂಜೆ ಗೇಟಿನ ಹೊರಗೆ ಮನ್ಸೂರನ ಪೆಟ್ಟಿಗೆ ಅಂಗಡಿಯಲ್ಲಿ ಗೋಲಿ ಸೋಡಾ ಒಡೆಸಿ ಕುಡಿದು, ಡರ್ರ್ ಎಂದು ತೇಗಿ, "ಆತ್ ನೋಡ, ಕರಗಿತು" ಎಂದು ಎದೆ ನೀವಿಕೊಂಡು ಮನೆಗೆ ಹೋಗುತ್ತಿದ್ದ. ರಾತ್ರಿ ಊಟ ಸೇರುತ್ತಿರಲಿಲ್ಲ, ಬೆಳಿಗ್ಗೆ ತಿಂಡಿ ಬೇಡ. ಪ್ಯಾಂಟು ಸೊಂಟದಲ್ಲಿ ನಿಲ್ಲದೆ, ಬೆಲ್ಟಿಗೆ ಮೊಳೆಯಿಂದ ಹೊಸ ತೂತು ಹೊಡೆದುಕೊಂಡ. ತಪ್ಪು ಯಾರದು? ಕೇಳಿದವರಿಗೆಲ್ಲ ಅವನದು ಒಂದೇ ಉತ್ತರ: "ಈ ಊರ ನೀರ ಸರಿ ಇಲ್ರಿ. ಬೆಂಗಳೂರ ನೀರ ನನಗ ಒಗ್ಗಂಗಿಲ್ಲ."

ಆ ಆಷಾಢದಲ್ಲೇ ಖಾಯಂ ಆಗುವವರ ವೈದ್ಯಕೀಯ ಪರೀಕ್ಷೆ ಬಂತು. ಕಾರ್ಖಾನೆಯ ನಿಯಮದಲ್ಲಿ ಕನಿಷ್ಠ ತೂಕ ನಲವತ್ತೆಂಟು ಕೆಜಿ. ಸಂಗಪ್ಪ ತಕ್ಕಡಿ ಹತ್ತಿದರೆ ಮುಳ್ಳು ನಲವತ್ತೈದೂವರೆಗೆ ನಿಂತಿತು. ಡಾಕ್ಟರು ಕನ್ನಡಕದ ಮೇಲಿಂದ ನೋಡಿ, "ಎರಡು ತಿಂಗಳು ಟೈಮ್ ಕೊಡ್ತೀನಿ. ಗಣೇಶನ ಹಬ್ಬ ಮುಗಿದ ವಾರ ಬಾ. ನಲವತ್ತೆಂಟು ಇದ್ರೆ ಸಹಿ ಹಾಕ್ತೀನಿ, ಇಲ್ದಿದ್ರೆ ನನ್ ಕೈಲಿ ಏನೂ ಇಲ್ಲ" ಅಂದರು. ಸಹಿ ಬೀಳದಿದ್ದರೆ ತಾತ್ಕಾಲಿಕ ಕೆಲಸವೂ ಅಲ್ಲಿಗೆ ಮುಗಿಯಿತು. ಬಂದು ಎರಡು ತಿಂಗಳಾಗದ ಹೆಂಡತಿಯನ್ನು ಕರೆದುಕೊಂಡು, ಟ್ರಂಕು ಹೊತ್ತು, ಊರಿನ ಬಸ್ಸು ಹತ್ತಬೇಕು. ತೂಕ ಹೆಚ್ಚಬೇಕಾದರೆ ಹೆಚ್ಚು ತಿನ್ನಬೇಕು ಎಂಬುದು ಸಂಗಪ್ಪನ ಲೆಕ್ಕ. ಮಾರನೆಯ ದಿನದಿಂದ ಎರಡು ಮುದ್ದೆಯ ಜಾಗದಲ್ಲಿ ಮೂರು ನುಂಗಿದ, ಐದು ಲೋಟದ ಜಾಗದಲ್ಲಿ ಏಳು ಕುಡಿದ.

ಇನ್ನು ಮುನಿಯಲ್ಲಮ್ಮನ ವಿಷಯ. ಪಕ್ಕದ ಕೋಗಿಲು ಹಳ್ಳಿಯವಳು, ನಲವತ್ತೇಳು ನಲವತ್ತೆಂಟರ ಗಟ್ಟಿ ಹೆಂಗಸು. ಹಣೆಯ ಮೇಲೆ ಕಾಸಗಲ ಕುಂಕುಮ, ಎಡಗೈಯಲ್ಲಿ ಹಿತ್ತಾಳೆ ಜಗ್ಗು. ಕಾರ್ಖಾನೆ ಎದ್ದ ಜಾಗದಲ್ಲಿ ಎರಡು ಎಕರೆ ಅವಳ ಗಂಡನ ಮನೆಯವರದೇ ಹೊಲ. ಜಮೀನು ಕೊಟ್ಟವರ ಮನೆಗೊಂದು ಕೆಲಸ ಎಂದು ಮಾತಾಗಿತ್ತು. ಗಂಡನಿಗೆ ಉಬ್ಬಸ, ಹಾಗಾಗಿ ಆ ಕೆಲಸಕ್ಕೆ ಇವಳು ಬಂದಳು. ಆ ಹೊಲದ ಬಾವಿಯನ್ನು ಕಾರ್ಖಾನೆಯವರು ಮುಚ್ಚಲಿಲ್ಲ, ಅದಕ್ಕೇ ಪಂಪು ಇಟ್ಟು ಕ್ಯಾಂಟೀನಿಗೆ ನೀರು ಎಳೆದರು. ಅಂದರೆ ಮುನಿಯಲ್ಲಮ್ಮ ಹನ್ನೆರಡು ವರ್ಷದಿಂದ ಇನ್ನೂರು ಜನಕ್ಕೆ ಹಾಕುತ್ತಿದ್ದುದು ಅವಳದೇ ಬಾವಿಯ ನೀರು. ಇದನ್ನು ಅವಳು ಯಾರ ಹತ್ತಿರವೂ ಹೇಳಿಕೊಂಡು ತಿರುಗಿದವಳಲ್ಲ. ಆದರೆ ಯಾರಾದರೂ ಲೋಟದಲ್ಲಿ ಅರ್ಧ ಉಳಿಸಿ ಚೆಲ್ಲಿದರೆ ಅವಳ ಬಾಯಿಂದ ಬರುತ್ತಿದ್ದ ಮಂತ್ರಪುಷ್ಪ ಕೇಳಿದವರು ಎರಡನೇ ಸಲ ಚೆಲ್ಲುತ್ತಿರಲಿಲ್ಲ.

ಸಾಲು ಸಾಲಾಗಿ ಬೆಂಚಿನ ಹಿಂದೆ ನಡೆಯುತ್ತ ನೀರು ಹಾಕುವವಳಿಗೆ ಮುಖ ಕಾಣುವುದಿಲ್ಲ, ತಟ್ಟೆ ಮತ್ತು ಲೋಟ ಕಾಣುತ್ತವೆ. ಯಾರು ಖಾರಕ್ಕೆ ನೀರು ಕೇಳುತ್ತಾರೆ, ಯಾರು ಹಸಿವಿಗೆ ಕೇಳುತ್ತಾರೆ, ಯಾರಿಗೆ ಮನೆಯಲ್ಲಿ ಜಗಳವಾಗಿ ಗಂಟಲಲ್ಲಿ ತುತ್ತು ಇಳಿಯುತ್ತಿಲ್ಲ, ಎಲ್ಲವೂ ಅವಳಿಗೆ ಗೊತ್ತಿತ್ತು. ಎಂಟನೇ ಮೇಜಿನ ಬಡಕಲು ಬೆನ್ನಿನವನು ಅಗಿಯುವುದೇ ಇಲ್ಲ ಎನ್ನುವುದನ್ನೂ ಅವಳು ಬಹಳ ದಿನದಿಂದ ನೋಡುತ್ತಿದ್ದಳು. ಅವತ್ತು ಅವನ ಹಿಂದೆ ಬಂದು ನಿಂತಾಗ, ಅವನು ಪಕ್ಕದವನಿಗೆ ಹೇಳುತ್ತಿದ್ದ: "ಈ ಕ್ಯಾಂಟೀನ್ ನೀರ ನೋಡ್ರಿ, ಇದ ಹೊಟ್ಟಿ ಕೆಡಿಸೂದು. ಯಾವ ಹಾಳ ಬಾವೀದೋ ಏನೋ." ಹೇಳಿ, ಹಿಂದಕ್ಕೆ ತಿರುಗದೆ, ಲೋಟ ಎತ್ತಿ ಹಿಡಿದ. ನಾಲ್ಕನೇ ಲೋಟ.

ಆಗ ಬಿತ್ತು ಆ ಅಂಗೈ.

"ನಿಂಗೆ ಆಕಾಕಿಲ್ಲ."

"ಯಾಕ್ರಿ?"

"ನೀನು ಊಟ ಮಾಡ್ತಿಲ್ಲ, ತೊಳೀತಿದೀಯ. ಅಗ್ದು ತಿನ್ನು, ಆಕ್ತೀನಿ. ನನ್ ಬಾವಿ ಮ್ಯಾಲೆ ಯಾಕಪ್ಪಾ ಏಳ್ತೀಯ? ಬಾಯಾಗೆ ಮೂವತ್ತೆಲ್ಡು ಅಲ್ಲು ಇಟ್ಕೊಂಡು ಒಂದಕ್ಕೂ ಕೆಲ್ಸ ಕೊಡಾಕಿಲ್ಲ, ನೀರು ಸರಿ ಇಲ್ಲ ಅಂತೆ, ನೀರು!"

ಕ್ಯಾಂಟೀನೆಲ್ಲ ತಿರುಗಿ ನೋಡಿತು. ಯಾರೋ ಹುಯ್ಯೆಂದರು. ಸಂಗಪ್ಪನ ಕಿವಿ ಕೆಂಪಾಯಿತು. ತಟ್ಟೆ ಬಿಟ್ಟು ಎದ್ದವನು ನೇರ ಕ್ಯಾಂಟೀನ್ ಮೇಲ್ವಿಚಾರಕ ಆನಂದಪ್ಪನ ಕೋಣೆಗೆ ಹೋದ. "ಕುಡಿಯೂ ನೀರ ಕೇಳಿದ್ರ ಇಲ್ಲ ಅಂತಾಳ್ರಿ. ನಮ್ಮ ಕಡೆ ವೈರಿಗೂ ಹಿಂಗ ಮಾಡಂಗಿಲ್ಲ" ಎಂದು ದೂರು ಕೊಟ್ಟ. ಆನಂದಪ್ಪ ಜಗಳ ಕಂಡರೆ ಹೆದರುವ ಮನುಷ್ಯ. ಮುನಿಯಲ್ಲಮ್ಮನನ್ನು ಕರೆಸಿ, "ಯಾಕಮ್ಮಾ ಬೇಕಿತ್ತು ನಿನಗೆ? ಒಂದ್ ಹದಿನೈದ್ ದಿನ ಲೋಟ ತೊಳ್ಯೋ ಕಡೆ ಇರು" ಅಂದ. ಅವಳು ಜಗ್ಗನ್ನು ಅವನ ಮೇಜಿನ ಮೇಲೆ ಠಕ್ಕನೆ ಇಟ್ಟು ಹಿತ್ತಲಿಗೆ ಹೋದಳು.

ಅವಳ ಜಾಗಕ್ಕೆ ಬಂದವರು ಕೇಳಿದಷ್ಟು ನೀರು ಸುರಿದರು. ಸಂಗಪ್ಪ ಗೆದ್ದವನ ಹಾಗೆ ಕೂತು ಏಳು ಲೋಟ ಕುಡಿದ, ಎಂಟನೆಯದಕ್ಕೂ ಕೈಚಾಚಿದ. ಐದನೇ ದಿನ ಡ್ರಿಲ್ಲಿಂಗ್ ಮೆಷಿನ್ನಿನ ಮುಂದೆ ನಿಂತಿದ್ದವನಿಗೆ ಕಣ್ಣು ಕತ್ತಲೆ ಬಂತು. ಬದಿಗೆ ಓಡಿ ಚರಂಡಿಯ ಅಂಚಿನಲ್ಲಿ ಕುಕ್ಕರಿಸಿದ. ತಿಂದದ್ದೆಲ್ಲ ಹೊರಗೆ. ಜೊತೆಯವರು ಹಿಡಿದುಕೊಂಡು ಡಾಕ್ಟರ ಹತ್ತಿರ ಕರೆದೊಯ್ದರು. ವಾಂತಿ ಹೇಗಿತ್ತು ಎಂದು ಡಾಕ್ಟರು ಕೇಳಿದಾಗ ಸಂಗಪ್ಪನಿಗೆ ನಾಚಿಕೆಯಾಯಿತು. ಹುರುಳಿಕಾಳು ಬಟ್ಟಲಿನಿಂದ ಈಗ ತಾನೇ ಸುರಿದ ಹಾಗೆ ಇಡಿ ಇಡಿಯಾಗಿ ಬಿದ್ದಿದ್ದನ್ನು ಅವನೇ ಕಣ್ಣಾರೆ ಕಂಡಿದ್ದ.

"ಅಲ್ಲಯ್ಯಾ, ಕಾಳು ಅಗೀದೆ ನುಂಗಿದ್ರೆ ಹೊಟ್ಟೆಯಲ್ಲೇನು ಹಲ್ಲಿದೆಯಾ?" ಅಂದರು ಡಾಕ್ಟರು, ಅವನ ಊಟ, ನೀರು, ಚಹಾದ ಲೆಕ್ಕವನ್ನೆಲ್ಲ ಕೇಳಿಕೊಂಡು. "ಊಟದ ಜೊತೆ ಒಂದ್ ಲೋಟ ನೀರು ಕುಡಿ, ಯಾರು ಬೇಡ ಅಂದ್ರು? ನೀರು ವಿಷ ಅಲ್ಲ. ಆದ್ರೆ ಅಗಿಯೋ ಕೆಲಸಾನ ನೀರಿನ ಕೈಲಿ ಮಾಡಿಸ್ಬೇಡ. ಏಳ್ ಲೋಟ ತುಂಬಿದ ಹೊಟ್ಟೇಲಿ ಅನ್ನಕ್ಕೆಲ್ಲಿ ಜಾಗ? ಆ ಟೀನ ಊಟದ ಮೇಲೇ ಸುರೀಬೇಡ, ತಿಂದದ್ದರಲ್ಲಿರೋ ಕಬ್ಬಿಣದ ಸತ್ವ ಮೈಗೆ ಹತ್ತೋದಕ್ಕೆ ಅದು ಬಿಡಲ್ಲ. ಒಂದ್ ಗಂಟೆ ಬಿಟ್ಟು ಕುಡಿ."

ಅವತ್ತು ಸಂಜೆಯೂ ಅವನು ಅಭ್ಯಾಸಬಲದಿಂದ ಮನ್ಸೂರನ ಅಂಗಡಿಯ ಮುಂದೆ ನಿಂತ. ಮನ್ಸೂರ್ ಸೋಡಾ ಒಡೆಯಲಿಲ್ಲ. ಅವನ ಮುಖ ನೋಡಿ, "ಒಂದ್ ಮಾತ್ ಹೇಳ್ಲಾ ಸಾರ್? ನನ್ ವ್ಯಾಪಾರ ಹೋದ್ರೂ ಪರವಾಗಿಲ್ಲ. ನೀವ್ ತೇಗೋದು ನಿಮ್ ಹೊಟ್ಟೆ ಗಾಳಿ ಅಲ್ಲ ಸಾರ್, ನನ್ ಬಾಟ್ಲಿ ಗಾಳಿ. ನಾನ್ ತುಂಬಿಸ್ತೀನಿ, ನೀವ್ ಬಿಡ್ತೀರ, ಅಷ್ಟೇ" ಅಂದ.

ಮನೆಯಲ್ಲಿ ಕಾಶವ್ವ ರೊಟ್ಟಿ ಬಡಿದು, ಹೆಸರುಕಾಳಿನ ಪಲ್ಯ ಮಾಡಿ, ಕಾದು ಕೂತಿದ್ದಳು. ಸಂಗಪ್ಪ ನಡೆದದ್ದನ್ನು ಹೇಳಿದ. ಡಾಕ್ಟರ ಮಾತು ಹೇಳಿದ, ಮುನಿಯಲ್ಲಮ್ಮನ ಅಂಗೈ ಕತೆಯನ್ನೂ ಅವತ್ತೇ ಮೊದಲು ಬಾಯಿಬಿಟ್ಟ. ಕಾಶವ್ವ ಸೆರಗಿನ ತುದಿ ಬೆರಳಿಗೆ ಸುತ್ತಿಕೊಳ್ಳುತ್ತ ಕೇಳಿದಳು.

"ನಾ ಬಂದಾಗಿಂದ ಒಂದ ವಿಚಾರ ಮಾಡಾಕತ್ತೀನ್ರಿ" ಅಂದಳು ಕೊನೆಗೆ. "ನಮ್ಮ ಮನ್ಯಾಗ ರೊಟ್ಟಿ ಸಪ್ಪಳನ ಇಲ್ಲ. ನಮ್ಮಪ್ಪ ಉಣ್ಣಾಕ ಕುಂತ್ರ ಕಟಕಟ ಅಂತಿತ್ತು. ನಿಮ್ಮಪ್ಪಾರು ಉಣ್ಣೂದೂ ಕೇಳೀನಿ. ನೀವು ಕುಂತ್ರ ಬರೇ ನೀರ ಗುಟುಕರಿಸೂ ಸಪ್ಪಳ. ನನ್ನ ಕೈ ರೊಟ್ಟಿ ರುಚಿ ಹತ್ತವಲ್ದು, ಔಷಧಿ ನುಂಗಿದಂಗ ನುಂಗ್ತಾರ ಅನ್ಕೊಂಡಿದ್ದೆ. ಹಿಂಗಂತ ಯಾರ ಮುಂದ ಹೇಳ್ಲಿ?" ಹೇಳುತ್ತ ಹೇಳುತ್ತ ಅವಳ ಕಣ್ಣು ತುಂಬಿತು.

ಅಯ್ಯೋ ನನ್ನ ಬುದ್ಧಿಯೇ! ರೊಟ್ಟಿ ತಿನ್ನುವ ಮನೆಯಲ್ಲಿ ಹುಟ್ಟಿ ರೊಟ್ಟಿ ತಿನ್ನುವುದನ್ನೇ ಮರೆತಿದ್ದೇನೆ ಎಂದು ಸಂಗಪ್ಪನಿಗೆ ಆಗ ಗೊತ್ತಾಯಿತು. ಒಂದು ಚೂರು ಮುರಿದು ಬಾಯಿಗಿಟ್ಟು ಅಗಿದ. ಕಟಕ್ ಎಂದಿತು. ಕಾಶವ್ವ ಅಳುತ್ತಲೇ ನಕ್ಕಳು. ಅಗಿಯುತ್ತ ಹೋದ ಹಾಗೆ ಜೋಳದ ಸಿಹಿ ನಾಲಗೆಗೆ ಬಂತು. ಕಾಶವ್ವ ಬಂದಾಗಿನಿಂದ ಅವನು ಆ ರುಚಿಯನ್ನು ನೀರಿನ ಜೊತೆ ತೊಳೆದು ಕಳಿಸಿದ್ದ.

ಮಾರನೆಯ ದಿನ ಊಟದ ಗಂಟೆಗೆ ಸಂಗಪ್ಪ ತಟ್ಟೆಯ ಸಾಲಿಗೆ ನಿಲ್ಲದೆ ಹಿತ್ತಲಿಗೆ ಹೋದ. ಮುನಿಯಲ್ಲಮ್ಮ ಕೊಳಾಯಿ ಮುಂದೆ ಕುಕ್ಕರುಗಾಲಲ್ಲಿ ಕೂತು ಲೋಟ ಉಜ್ಜುತ್ತಿದ್ದಳು. ಬೂದಿ ನೀರಿನಲ್ಲಿ ಬೆರಳು ಸುಕ್ಕುಗಟ್ಟಿತ್ತು.

"ತಪ್ಪಾತ್ರಿ ಯಲ್ಲವ್ವ" ಅಂದ. ಅವನ ಬಾಯಲ್ಲಿ ಮುನಿಯಲ್ಲಮ್ಮ ಯಲ್ಲವ್ವ ಆಗಿದ್ದು ಅವತ್ತೇ. ಕಡೆಯವರೆಗೂ ಹಾಗೇ ಉಳಿಯಿತು.

ಅವಳು ತಲೆ ಎತ್ತಲಿಲ್ಲ. "ನೀರು ಬೇಕಾ? ಅಲ್ಲಿ ಸುರೀತಾರಲ್ಲ ಬೇಕಾದಷ್ಟು. ಓಗಿ ಕುಡಿ."

"ಬ್ಯಾಡ್ರಿ. ನೀರ ಬ್ಯಾಡ ಅಂತ ಹೇಳಾಕ ಬಂದೇನಿ. ನೀವು ಬಂದು ನನಗ ನೀರ ಹಾಕಬ್ಯಾಡ್ರಿ."

ಮುನಿಯಲ್ಲಮ್ಮನ ಕೈ ನಿಂತಿತು. ಆಮೇಲೆ ಅವಳಿಗೆ ನಗು ತಡೆಯಲಾಗಲಿಲ್ಲ. ಹಲ್ಲು ಕಾಣದ ಹಾಗೆ ಮೊಳಕೈ ಅಡ್ಡ ಹಿಡಿದು, ಭುಜ ಕುಣಿಯುವಂತೆ ನಕ್ಕಳು. ಆನಂದಪ್ಪನಿಗೂ ಇದೇ ಅರ್ಜಿ ಸಲ್ಲಿಕೆಯಾಯಿತು. ನೀರು ಹಾಕಲಿಲ್ಲ ಎಂದು ದೂರು ಕೊಟ್ಟವನೇ, ನೀರು ಹಾಕದಿರುವುದಕ್ಕೆ ಅವಳೇ ಬೇಕು ಎಂದು ನಿಂತಿದ್ದನ್ನು ಕಂಡು ಆನಂದಪ್ಪ ತಲೆ ಚಚ್ಚಿಕೊಂಡ. "ನೀವಿಬ್ರೂ ಸೇರಿ ನನ್ನ ಹುಚ್ಚ ಮಾಡ್ತೀರ ಕಣ್ರೀ" ಎನ್ನುತ್ತ ಜಗ್ಗು ಅವಳ ಕೈಗೆ ಕೊಟ್ಟ.

ಅಲ್ಲಿಂದ ಶುರುವಾಯಿತು ಎಂಟನೇ ಮೇಜಿನ ಪಾಠ. ಮುನಿಯಲ್ಲಮ್ಮನ ಕಾನೂನು ಸರಳ. ಊಟಕ್ಕೆ ಒಂದು ಲೋಟ, ಅದೂ ಮೂರು ಕಂತಿನಲ್ಲಿ. ಮುದ್ದೆ ನುಂಗಬಹುದು, ಅದು ಅವಳ ಊರಿನ ಪದ್ಧತಿ, ಅದಕ್ಕೆ ಸಾರೇ ಸಾಕು, ಆದರೆ ತುತ್ತು ನೆಲ್ಲಿಕಾಯಿಗಿಂತ ದೊಡ್ಡದಾಗಕೂಡದು. ಮಿಕ್ಕದ್ದೆಲ್ಲ ಅಗಿಯಬೇಕು. ಅವಳು ಬೆಂಚಿನ ಹಿಂದೆ ಹಾದುಹೋಗುವಾಗ ಅವನ ದವಡೆ ನೋಡುವಳು. ಆಡುತ್ತಿದ್ದರೆ ಒಂದು ಗುಟುಕಿನಷ್ಟು ಹಾಕಿ ಮುಂದೆ ಹೋಗುವಳು, ಇಲ್ಲದಿದ್ದರೆ ಬೆನ್ನಿಗೆ ಜಗ್ಗಿನ ತಳದಿಂದ ಒಂದು ತಟ್ಟು. "ಮೆಲುಕು ಆಕೋ ಅಸಾನ ನೋಡಿಲ್ವೇನಪ್ಪಾ? ಅದ್ಕೇನು ಆತ್ರ ಐತಾ?" ಕೆಟ್ಲು ಬಂದಾಗ ಅವನ ಲೋಟವನ್ನು ಅವಳೇ ಎತ್ತಿಕೊಂಡು ಹೋಗಿಬಿಡುತ್ತಿದ್ದಳು. ಕೊನೆಗೆ, ಮನೆಯಿಂದ ಸೀಸೆಯಲ್ಲಿ ತಂದ ತೆಳು ಮಜ್ಜಿಗೆ ಅರ್ಧ ಲೋಟ. "ನಮ್ಮನೆ ಅಸುವಿಂದು. ಬಾಯ್ ಮುಚ್ಕೊಂಡು ಕುಡಿ" ಎಂಬ ಆಶೀರ್ವಾದದ ಜೊತೆಗೆ.

ಮೇಜಿನವರು ರೇಗಿಸದೆ ಬಿಡಲಿಲ್ಲ. "ಸೊಸೆ ಬಂದ್ಲು ನೋಡ್ರೋ, ಅತ್ತೆ ಲೆಕ್ಕ ಹಾಕ್ತವ್ಳೆ" ಅನ್ನುತ್ತಿದ್ದರು. ಸಂಗಪ್ಪ ಅಗಿಯುತ್ತಿದ್ದ. ಸೈರನ್ ಆದಾಗ ತಟ್ಟೆಯಲ್ಲಿ ಅರ್ಧ ಉಳಿದುಹೋಗುತ್ತದೆ ಎಂದು ಎರಡನೇ ದಿನವೇ ಗೊತ್ತಾಯಿತು. ಅದಕ್ಕೂ ಅವಳೇ ದಾರಿ ಹುಡುಕಿದಳು. ಗಂಟೆ ಹೊಡೆಯುವ ಮೊದಲೇ ಎಂಟನೇ ಮೇಜಿನ ಮೂಲೆಯಲ್ಲಿ ಒಂದು ತಟ್ಟೆ ಬಡಿಸಿ, ಮೇಲೊಂದು ತಟ್ಟೆ ಮುಚ್ಚಿಟ್ಟಿರುತ್ತಿದ್ದಳು. ಸಾಲಿನಲ್ಲಿ ನಿಲ್ಲುವ ಹತ್ತು ನಿಮಿಷ ಅವನಿಗೆ ಅಗಿಯಲು ಸಿಕ್ಕಿತು. ಹತ್ತು ದಿನಕ್ಕೆ ಎದೆ ಉರಿ ಕಡಿಮೆಯಾಯಿತು. ಮೂರನೇ ವಾರ, ಬೆಳಿಗ್ಗೆ ಎದ್ದವನು "ಕಾಶವ್ವ, ಹಸಿವಾಗೇತಿ" ಅಂದಾಗ ಅವಳು ಒಲೆಯ ಮುಂದಿನಿಂದ ಎದ್ದು ಬಂದು ಅವನ ಮುಖವನ್ನೇ ನೋಡಿದಳು. ಆ ಮಾತು ಕೇಳಿ ಅವಳಿಗೆ ಎಷ್ಟು ದಿನವಾಗಿತ್ತೋ. ಬೆಲ್ಟಿನ ಹೊಸ ತೂತು ಬಿಗಿಯಾಗತೊಡಗಿತು.

ಆದರೆ ತೂಕ? ನಡುವೆ ಒಮ್ಮೆಯೂ ತೂಕ ನೋಡಿಕೊಳ್ಳಲು ಅವನಿಗೆ ಧೈರ್ಯವಿರಲಿಲ್ಲ. ಗಣೇಶನ ಹಬ್ಬ ಬಂತು, ಹೋಯಿತು. ಆ ವಾರದ ಗುರುವಾರ ಬೆಳಿಗ್ಗೆ ಒಂಬತ್ತೂವರೆಗೆ ಸಂಗಪ್ಪ ಡಾಕ್ಟರ ಕೋಣೆಯ ಹೊರಗೆ ಬೆಂಚಿನ ಮೇಲೆ ಕೂತ. ಅವನಿಗಿಂತ ಮುಂದಿದ್ದ ಇಬ್ಬರೂ ಒಳಗೆ ಹೋಗಿದ್ದರು. ಕಾಶವ್ವ ಮನೆಯಲ್ಲಿ ದೇವರ ಮುಂದೆ ದೀಪ ಹಚ್ಚಿಟ್ಟು ಕೂತಿದ್ದಾಳೆ, ಟ್ರಂಕು ಮಂಚದ ಕೆಳಗಿದೆ, ಇವತ್ತು ಅದನ್ನು ಎಳೆಯಬೇಕೋ ಬೇಡವೋ ಎಂದು ಅವನು ಯೋಚಿಸುತ್ತಿರುವಾಗ ವರಾಂಡದ ಆ ತುದಿಯಿಂದ ದಾಪುಗಾಲು ಹಾಕುತ್ತ ಯಾರೋ ಬರುವುದು ಕಂಡಿತು.

ಮುನಿಯಲ್ಲಮ್ಮ. ಕೈಯಲ್ಲಿ ಹಿತ್ತಾಳೆ ಜಗ್ಗು, ಸೊಂಟದಲ್ಲಿ ಸಿಕ್ಕಿಸಿದ ಸ್ಟೀಲ್ ಲೋಟ. ಕ್ಯಾಂಟೀನಿನಿಂದ ಅಲ್ಲಿಗೆ ಕಾಲು ಮೈಲಿ. ಏದುಸಿರು ಬಿಡುತ್ತ ಅವನ ಮುಂದೆ ನಿಂತು ಲೋಟ ತುಂಬಿದಳು. ತುಂಬಿ ತುಳುಕುವ ಹಾಗೆ.

"ಕುಡಿ."

"ಯಲ್ಲವ್ವ, ನೀವ?"

"ಮಾತಾಡ್ಬ್ಯಾಡ. ಯಾರಾನ ಬಂದಾರು. ಇವತ್ತೊಂದ್ ದಿನ ಒಟ್ಟೆ ತುಂಬಾ ಕುಡಿ. ತಕ್ಡಿಗೆ ಏನ್ ಗೊತ್ತಾಯ್ತದೆ, ಒಳ್ಗೆ ಇರೋದು ಅನ್ನಾನೋ ನೀರೋ ಅಂತ?"

ಇಷ್ಟು ದಿನ ಗುಟುಕು ಗುಟುಕಾಗಿ ಅಳೆದು ಹಾಕಿದವಳು ಅವತ್ತು ಸುರಿದಳು. ಸಂಗಪ್ಪ ಕುಡಿದ. ಎರಡನೆಯದನ್ನೂ ಕುಡಿದ. ಮೂರನೆಯ ಲೋಟವನ್ನೂ ಉಸಿರು ಬಿಡದೆ ಖಾಲಿ ಮಾಡಿದ. ಒಳಗಿನಿಂದ ಅವನ ಹೆಸರು ಕೂಗಿದರು. ಅವಳು ಲೋಟ ಕಿತ್ತುಕೊಂಡು ಸೆರಗಿನಲ್ಲಿ ಅವನ ಗಲ್ಲ ಒರೆಸಿ, "ಓಗು, ತೇಗ್ಬ್ಯಾಡ" ಅಂದಳು.

ಮುಳ್ಳು ಅತ್ತ ಇತ್ತ ಆಡಿ ನಲವತ್ತೆಂಟೂವರೆಗೆ ನಿಂತಿತು. ಡಾಕ್ಟರು ಸಹಿ ಹಾಕಿದರು.

ಸಂಗಪ್ಪ ಹೊರಗೆ ಬಂದಾಗ ವರಾಂಡದಲ್ಲಿ ಯಾರೂ ಇರಲಿಲ್ಲ. ಊಟದ ಗಂಟೆಗೆ ಅವಳ ಕಾಲು ಮುಟ್ಟಲು ಬಗ್ಗಿದರೆ, "ಸರಿ ಸರಿ, ತಟ್ಟೆ ಆರೋಯ್ತದೆ, ಕೂತ್ಕೊ" ಎಂದು ಜಗ್ಗು ಹಿಡಿದು ಮುಂದಿನ ಮೇಜಿಗೆ ಹೋದಳು. ಮುಂದಿನ ಭಾನುವಾರ ಕಾಶವ್ವ ಹೋಳಿಗೆ ಕಟ್ಟಿಕೊಂಡು ಕೋಗಿಲಿಗೆ ಹೋಗಿ ಬಂದಳು. ಆಮೇಲೆ ಎರಡು ಮನೆಯ ನಡುವೆ ಹೋಗಿಬರುವುದು ನಿಲ್ಲಲೇ ಇಲ್ಲ. ಕಾಶವ್ವನ ಎರಡು ಹೆರಿಗೆಯಲ್ಲೂ ಬಿಸಿನೀರು ಕಾಯಿಸಿ ಎರೆದವಳು ಯಲ್ಲವ್ವನೇ. ಕಾಶವ್ವನ ತವರು ಬಸ್ಸಿನಲ್ಲಿ ಒಂದು ರಾತ್ರಿಯ ದೂರದಲ್ಲಿತ್ತು, ಕೋಗಿಲು ನಡೆದು ಹೋಗುವ ದೂರದಲ್ಲಿತ್ತು.

ಆದರೆ ಸಂಗಪ್ಪನ ಹೊಟ್ಟೆಯಲ್ಲಿ ಒಂದು ವಿಷಯ ಮಾತ್ರ ಕರಗದೆ ಉಳಿಯಿತು. ಫಿಟ್ಟರ್ ಅಲ್ಲವೇ, ಅಳತೆ ಅವನ ಕಸುಬು. ಆ ವಾರವೇ ಅವನು ಕ್ಯಾಂಟೀನಿನ ಒಂದು ಲೋಟವನ್ನು ಸ್ಟೋರಿಗೆ ಒಯ್ದು, ಸಣ್ಣ ಸಾಮಾನು ತೂಗುವ ತಕ್ಕಡಿಯಲ್ಲಿ ಖಾಲಿ ತೂಗಿ, ತುಂಬಿಸಿ ತೂಗಿದ. ಒಂದು ಲೋಟ ನೀರು ಇನ್ನೂರ ಹತ್ತು ಗ್ರಾಂ. ಮೂರು ಲೋಟಕ್ಕೆ ಆರುನೂರ ಮೂವತ್ತು. ನಲವತ್ತೆಂಟೂವರೆಯಲ್ಲಿ ಅದನ್ನು ಕಳೆದು ನೋಡಿದ. ಇನ್ನೊಮ್ಮೆ ಕಳೆದು ನೋಡಿದ. ಲೋಟವನ್ನು ತಂದು ಅದರ ಜಾಗದಲ್ಲಿಟ್ಟ. ಯಾರಿಗೂ ಹೇಳಲಿಲ್ಲ, ಕಾಶವ್ವನಿಗೂ ಹೇಳಲಿಲ್ಲ.

ಹನ್ನೊಂದು ವರ್ಷ ಕಳೆದು 1988ರಲ್ಲಿ ಮುನಿಯಲ್ಲಮ್ಮ ನಿವೃತ್ತಳಾದಳು. ಸಂಗಪ್ಪ ಅಷ್ಟು ಹೊತ್ತಿಗೆ ಬಡ್ತಿ ಸಿಕ್ಕಿ ಚಾರ್ಜ್‌ಮನ್ ಆಗಿದ್ದ, ಕ್ಯಾಂಟೀನ್ ಸಮಿತಿಯಲ್ಲೂ ಇದ್ದ. ಕೊನೆಯ ದಿನ ಹಾರ ಹಾಕಿದರು, ಒಂದು ಸೀರೆ ಕೊಟ್ಟರು, ಆನಂದಪ್ಪ ನಾಲ್ಕು ಮಾತಾಡಿ ಕಣ್ಣೊರೆಸಿಕೊಂಡ. ಭಾಷಣ ಮುಗಿಯುವಾಗ ಸಂಗಪ್ಪನಿಗೆ ಒಂದು ವಿಚಾರ ಹೊಳೆಯಿತು. ಇಷ್ಟು ವರ್ಷದಲ್ಲಿ ಈ ಹೆಂಗಸು ಕ್ಯಾಂಟೀನಿನಲ್ಲಿ ಕೂತು ಊಟ ಮಾಡಿದ್ದನ್ನು ಯಾರೂ ನೋಡಿರಲಿಲ್ಲ. ಇನ್ನೂರು ಜನರ ಊಟ ಮುಗಿದ ಮೇಲೆ, ಅಡುಗೆಮನೆಯ ಬಾಗಿಲಲ್ಲಿ ನಿಂತು, ಎಡಗೈಯಲ್ಲಿ ಚಹಾದ ಲೋಟ ಹಿಡಿದು, ನಾಲ್ಕು ತುತ್ತು ಅದರ ಜೊತೆಗೇ ಇಳಿಸಿ ಪಾತ್ರೆ ತೊಳೆಯಲು ಹೋಗುತ್ತಿದ್ದಳು. ಊರಿಗೆಲ್ಲ ಅಗಿಯಲು ಹೇಳಿದವಳಿಗೆ ಅಗಿಯುವಷ್ಟು ಹೊತ್ತನ್ನು ಯಾರೂ ಕೊಟ್ಟಿರಲಿಲ್ಲ. ಅವಳು ಬಡಿಸಿಟ್ಟದ್ದನ್ನು ಉಂಡ ತಾನೂ ಕೊಟ್ಟಿರಲಿಲ್ಲ.

ಅವನು ಅವಳ ಕೈಯಿಂದ ಜಗ್ಗು ತೆಗೆದುಕೊಂಡ. "ಬರ್ರಿ ಯಲ್ಲವ್ವ, ಕುಂದರ್ರಿ." ಅವಳು ಎಷ್ಟು ಬೇಡವೆಂದರೂ ಕೇಳದೆ ಎಂಟನೇ ಮೇಜಿನ ಮೂಲೆಯಲ್ಲಿ ಕೂರಿಸಿದ. ತಟ್ಟೆ ತಂದಿಟ್ಟ. ಕಾಶವ್ವ ಕಳಿಸಿದ್ದ ರೊಟ್ಟಿ, ಹುರುಳಿಕಾಳಿನ ಪಲ್ಯ, ನೆಲ್ಲಿಕಾಯಿ ಗಾತ್ರಕ್ಕೆ ಮುರಿದ ಮುದ್ದೆ. ಮುನಿಯಲ್ಲಮ್ಮ ಅದನ್ನೆಲ್ಲ ಒಮ್ಮೆ ನೋಡಿದಳು. ಆಮೇಲೆ ರೊಟ್ಟಿ ಮುರಿದಳು. ಊಟದ ಬಿಡುವು ಮುಗಿದ ಸೈರನ್ ಕೂಗಿತು. ಸಂಗಪ್ಪ ಜಗ್ಗು ಹಿಡಿದು ಅವಳ ಬೆನ್ನ ಹಿಂದೆ ನಿಂತೇ ಇದ್ದ. ಅವನನ್ನು ನೋಡಿ ಎಂಟನೇ ಮೇಜಿನವರು ಏಳಲಿಲ್ಲ, ಅವರನ್ನು ನೋಡಿ ಮಿಕ್ಕವರೂ ಏಳಲಿಲ್ಲ. ಅಷ್ಟು ದೊಡ್ಡ ಹಾಲಿನಲ್ಲಿ ಅವಳು ರೊಟ್ಟಿ ಅಗಿಯುವ ಸಪ್ಪಳ ಕೇಳುತ್ತಿತ್ತು.

ಬಗ್ಗಿ ಅವಳ ಲೋಟಕ್ಕೆ ನೀರು ಹಾಕುತ್ತ ಸಂಗಪ್ಪ ಮೆಲ್ಲಗೆ ಹೇಳಿದ. "ಯಲ್ಲವ್ವ, ಹನ್ನೊಂದ ವರ್ಷದಿಂದ ಒಂದ ಮಾತ ಮುಚ್ಚಿಟ್ಟೇನ್ರಿ. ಅವತ್ತ ನಾ ಪಾಸ್ ಆಗಿದ್ದಿಲ್ಲ. ನಿಮ್ಮ ಮೂರ ಲೋಟ ತೂಗಿ ನೋಡೇನಿ. ಅದನ್ನ ಕಳದ್ರ ನೂರಾ ಮೂವತ್ತ ಗ್ರಾಂ ಕಡಿಮಿ ಬಿದ್ದಿದ್ದೆ. ನಾ ತಿಂತಿರೂ ಅನ್ನ ನಿಮ್ಮ ನೀರಿಂದು."

ಮುನಿಯಲ್ಲಮ್ಮ ಬಾಯಲ್ಲಿದ್ದ ತುತ್ತನ್ನು ಮೊದಲು ಪೂರ್ತಿ ಅಗಿದು ಮುಗಿಸಿದಳು.

"ಉಚ್ಚಪ್ಪಾ" ಅಂದಳು. "ನಲವತ್ತೇಳು ಮುಕ್ಕಾಲು ಕೇಜಿ ನೀನು ಅಗ್ದು ತಂದಿದ್ದು. ನಾನು ಆಕಿದ್ದು ಬರೀ ನೀರು. ಅದು ಮಧ್ಯಾನಕ್ಕೆಲ್ಲ ಓಯ್ತು. ನೀನು ಉಳಿದಿಲ್ವಾ?"

ಸಂಗಪ್ಪನ ಕಣ್ಣು ಮಂಜಾಯಿತು. ಏನೂ ಕಾಣದೆ ಜಗ್ಗನ್ನು ಇನ್ನೂ ಬಗ್ಗಿಸುತ್ತಲೇ ಇದ್ದ. ಅವಳು ಲೋಟದ ಮೇಲೆ ಅಂಗೈ ಮುಚ್ಚಿದಳು. ಲೋಟ ಉಜ್ಜಿ ಸುಕ್ಕುಗಟ್ಟಿದ್ದ ಅದೇ ಬೆರಳುಗಳು.

"ಸಾಕು. ಊಟ ಆಗ್ಲಿ" ಅಂದು ಇನ್ನೊಂದು ಚೂರು ರೊಟ್ಟಿ ಮುರಿದಳು.